ಚಾಪ್ಲಿನ್ ಅವರ ‘ದಿ ಕಿಡ್’: ಗಟಾರದ ಮುಚ್ಚಳ ಎತ್ತುವ ದೃಶ್ಯವನ್ನು ಶಾಲೆಯ ಮಕ್ಕಳಿಗೆ ತೋರಿಸಬೇಕೇ, ಬಿಡಬೇಕೇ?

ಮಲಪ್ರಭಾ ದಂಡೆಯ ಮಾಸ್ತರ (ಬಾದಾಮಿ ತಾಲೂಕು)

ನಮ್ಮ ಪ್ರೌಢಶಾಲೆಯ ಎಂಟು ಮತ್ತು ಒಂಬತ್ತನೆಯ ತರಗತಿಯ ಮಕ್ಕಳಿಗೆ ಚಾರ್ಲಿ ಚಾಪ್ಲಿನ್ ಅವರ ‘ದಿ ಕಿಡ್’ ಚಿತ್ರವನ್ನು ಒಂದು ಶನಿವಾರ ತೋರಿಸಬೇಕೆಂದಿದ್ದೇನೆ. 1921ರ ಮೂಕಚಿತ್ರವಾದ್ದರಿಂದ ಭಾಷೆಯ ತೊಡಕು ಕಡಿಮೆ, ಒಂದು ಗಂಟೆಯ ಆಸುಪಾಸಿನಲ್ಲಿ ಮುಗಿಯುತ್ತದೆ, ಹೊಟ್ಟೆ ಹುಣ್ಣಾಗುವಷ್ಟು ನಗುವಿದೆ. ಆದರೆ ಶಿಕ್ಷಕರ ಕೋಣೆಯಲ್ಲಿ ಒಂದು ತಕರಾರು ಎದ್ದಿದೆ. ಬೆಳಗಾವಿ, ವಿಜಯಪುರ, ಬಾಗಲಕೋಟೆ ಈ ನಮ್ಮ ಮೂರು ಜಿಲ್ಲೆಗಳ ಮಕ್ಕಳ ಪರಿಸ್ಥಿತಿ ನಿಮಗೂ ಗೊತ್ತಿರುವುದರಿಂದ ಅದನ್ನು ಇಲ್ಲಿ ಇಡುತ್ತಿದ್ದೇನೆ.

ಚಿತ್ರ ನೋಡದವರಿಗಾಗಿ ಆರಂಭದ ಕತೆಯನ್ನು ಹೇಳುತ್ತೇನೆ. ಮದುವೆಯಿಲ್ಲದೆ ತಾಯಿಯಾದ ಬಡ ಹೆಣ್ಣುಮಗಳೊಬ್ಬಳು ತನ್ನ ಹಸುಗೂಸು ಸುಖವಾಗಿ ಬೆಳೆಯಲೆಂದು ಅದನ್ನು ಶ್ರೀಮಂತರ ಕಾರಿನಲ್ಲಿ ಮಲಗಿಸಿ ಹೋಗುತ್ತಾಳೆ. ಕಾರು ಕದ್ದ ಕಳ್ಳರು ಕೂಸನ್ನು ಕೊಳೆಗೇರಿಯ ಸಂದಿಯೊಂದರಲ್ಲಿ ಕಸದ ಡಬ್ಬದ ಬಳಿ ಇಟ್ಟು ಓಡುತ್ತಾರೆ. ಅಲ್ಲಿಗೆ ನಮ್ಮ ಅಲೆಮಾರಿ, ಎಂದರೆ ಚಾಪ್ಲಿನ್ ಅವರ ಪಾತ್ರ, ಬರುತ್ತಾನೆ. ಅವನು ಕೂಸನ್ನು ಎತ್ತಿಕೊಂಡ ಕೂಡಲೇ ಕರಗಿ ನೀರಾಗುವುದಿಲ್ಲ. ದಾರಿಯಲ್ಲಿ ಹೋಗುವ ಹೆಂಗಸಿನ ತಳ್ಳುಗಾಡಿಯಲ್ಲಿ ಇಟ್ಟುಬಿಡಲು ನೋಡುತ್ತಾನೆ, ಮುದುಕನೊಬ್ಬನ ಕೈಗೆ ತುರುಕಿ ಓಡುತ್ತಾನೆ, ಕೂಸು ಮತ್ತೆ ಅವನ ಮಡಿಲಿಗೇ ಬಂದಾಗ ರಸ್ತೆಯ ಅಂಚಿನಲ್ಲಿ ಕುಳಿತು ಗಟಾರದ ಮುಚ್ಚಳವನ್ನು ಎತ್ತಿ ಒಳಗೆ ನೋಡುತ್ತಾನೆ.

ನಮ್ಮ ಸಹೋದ್ಯೋಗಿಯೊಬ್ಬರ ಪ್ರಕಾರ ಈ ಭಾಗವನ್ನು ಬಿಟ್ಟು, ಐದು ವರ್ಷ ಕಳೆದು ಹುಡುಗ ದೊಡ್ಡವನಾದ ಮೇಲಿನ ಕತೆಯಿಂದ ಆರಂಭಿಸಬೇಕು. ಅವರ ಕಾರಣವನ್ನು ನಾನು ಹಗುರವಾಗಿ ಕಾಣುವುದಿಲ್ಲ. ನಮ್ಮ ತರಗತಿಗಳಲ್ಲಿ ತಂದೆತಾಯಿ ಗೋವಾಕ್ಕೋ ಮಹಾರಾಷ್ಟ್ರಕ್ಕೋ ಗುಳೆ ಹೋದ ಮಕ್ಕಳು ಬಹಳ ಜನ ಇದ್ದಾರೆ. ಅವರು ಅಜ್ಜಿಯ ಹತ್ತಿರವೋ ಸೋದರಮಾವನ ಮನೆಯಲ್ಲೋ ಇದ್ದು ಓದುತ್ತಾರೆ. ಸಾಕುವವರಿಗೆ ತಾವು ಬೇಡವಾದ ಭಾರ ಎಂಬ ಸಂಶಯ ಅಂಥ ಮಕ್ಕಳ ಮನಸ್ಸಿನಲ್ಲಿ ಮೊದಲೇ ಇರುತ್ತದೆ, ಪರದೆಯ ಮೇಲೆ ಅದನ್ನೇ ತೋರಿಸಿ ನಗಿಸಬೇಕೇ ಎಂದು ಅವರು ಕೇಳುತ್ತಾರೆ.

ನನ್ನ ಅಭಿಪ್ರಾಯ ಬೇರೆ. ಅಲೆಮಾರಿಗೆ ಆ ಕೂಸು ಬೇಡವಾಗಿತ್ತು ಎಂಬುದನ್ನು ಮುಚ್ಚಿಟ್ಟರೆ ಅವನು ಮುಂದೆ ಮಾಡುವ ಒಂದೊಂದು ಕೆಲಸಕ್ಕೂ ಬೆಲೆ ಇಲ್ಲದಂತಾಗುತ್ತದೆ. ನೀವು ಏನು ಹೇಳುತ್ತೀರಿ?

ಜಮಖಂಡಿ ಮೂಕಚಿತ್ರ

ದಯವಿಟ್ಟು ಕತ್ತರಿಸಬೇಡಿ. ಆ ಮೊದಲ ಭಾಗದ ಜೋಡಣೆಯನ್ನು ಗಮನವಿಟ್ಟು ನೋಡಿ. ಆ ಸಂದಿಯಲ್ಲಿ ಮೇಲಿನ ಕಿಟಕಿಗಳಿಂದ ಕಸ ಸುರಿಯುತ್ತಿರುತ್ತದೆ. ಅಲೆಮಾರಿ ತಪ್ಪಿಸಿಕೊಳ್ಳುತ್ತ ಬರುತ್ತಾನೆ. ಕೂಸು ಕಂಡಾಗ ಇದನ್ನೂ ಯಾರೋ ಮೇಲಿನಿಂದ ಎಸೆದಿರಬೇಕೆಂಬಂತೆ ತಲೆ ಎತ್ತಿ ಕಿಟಕಿಗಳತ್ತ ನೋಡುತ್ತಾನೆ. ಅದೊಂದು ನೋಟದಲ್ಲಿ ಆ ಓಣಿಯ ಬಡತನವೆಲ್ಲ ಬಂದುಬಿಡುತ್ತದೆ. ಅದನ್ನು ಬಿಟ್ಟು ಚಿತ್ರ ತೋರಿಸುವುದೆಂದರೆ ಕೊಳೆಗೇರಿಯನ್ನೇ ಬಿಟ್ಟಂತೆ.

ಇನ್ನೊಂದು ಸಂಗತಿಯನ್ನು ಹಲವರು ಗಮನಿಸುವುದಿಲ್ಲ. ಗಟಾರದ ಮುಚ್ಚಳವನ್ನು ಎತ್ತಿ, ನೋಡಿ, ಅವನು ತಾನಾಗಿಯೇ ಮುಚ್ಚುತ್ತಾನೆ. ಈ ಅನಾಥ ಕೂಸನ್ನು ಪ್ರೀತಿಯಿಂದ ನೋಡಿಕೊಳ್ಳಿ ಎಂದು ತಾಯಿ ಬರೆದಿಟ್ಟ ಚೀಟಿ ಅವನಿಗೆ ಸಿಗುವುದು ಆಮೇಲೆ. ಎಂದರೆ ಕೂಸನ್ನು ಬಿಡಲಾಗದೆಂಬ ತೀರ್ಮಾನಕ್ಕೆ ಅವನು ಯಾರ ಕೋರಿಕೆಯೂ ಇಲ್ಲದೆ ಬಂದಿರುತ್ತಾನೆ. ಮಕ್ಕಳಿಗೆ ತೋರಿಸಲೇಬೇಕಾದದ್ದು ಇದೇ ಅಲ್ಲವೇ?

ಶಹಾಪುರ ಓದುಗಿ (ಬೆಳಗಾವಿ)

ನಾನು ಆ ಸಹೋದ್ಯೋಗಿಯ ಪರ. ಜಮಖಂಡಿಯವರು ಹೇಳಿದ ಸೂಕ್ಷ್ಮವನ್ನು ಪ್ರೌಢರು ಗ್ರಹಿಸುತ್ತಾರೆ, ಒಪ್ಪುತ್ತೇನೆ. ಆದರೆ ತರಗತಿಯಲ್ಲಿ ನೂರು ಮಕ್ಕಳು ಒಟ್ಟಿಗೆ ಕುಳಿತು ನೋಡುವಾಗ ನಡೆಯುವುದೇ ಬೇರೆ. ತಂದೆತಾಯಿಯ ಜೊತೆ ಇರುವ ಮಕ್ಕಳು ಗಟಾರದ ದೃಶ್ಯಕ್ಕೆ ಜೋರಾಗಿ ನಗುತ್ತಾರೆ. ಮಾವನ ಮನೆಯಲ್ಲಿರುವ ಹುಡುಗಿ ಆ ನಗುವಿನ ನಡುವೆ ಕುಳಿತಿರುತ್ತಾಳೆ. ಅವಳನ್ನು ಕುಗ್ಗಿಸುವುದು ಚಿತ್ರಕ್ಕಿಂತ ಹೆಚ್ಚಾಗಿ ಸುತ್ತಲಿನ ಆ ನಗುವೇ. ಚಾಪ್ಲಿನ್ ಎಷ್ಟು ದೊಡ್ಡ ಕಲಾವಿದರಾದರೂ ಆ ಹುಡುಗಿಯ ಪಕ್ಕದಲ್ಲಿ ಅವರು ಕುಳಿತಿರುವುದಿಲ್ಲ, ಮಾಸ್ತರರು ಕುಳಿತಿರುತ್ತಾರೆ. ಹೊಣೆ ಅವರದು.

ಇಂಡಿ ನಿಂಬೆ

ಆ ದೃಶ್ಯ ಕೆಲವೇ ಕ್ಷಣಗಳದ್ದು. ಇಷ್ಟು ದೊಡ್ಡ ಚರ್ಚೆ ಬೇಕೇ?

ಶಹಾಪುರ ಓದುಗಿ (ಬೆಳಗಾವಿ)

ಬೇಕು. ಮನಸ್ಸಿಗೆ ನಾಟುವ ಮಾತಿಗೂ ಕೆಲವೇ ಕ್ಷಣಗಳು ಸಾಕಾಗುತ್ತವೆ.

ಟಿಳಕವಾಡಿ ವಕೀಲ

ಕಾನೂನಿನ ದೃಷ್ಟಿಯಿಂದ ಒಂದು ಮಾತು ಸೇರಿಸುತ್ತೇನೆ, ಏಕೆಂದರೆ ಚಿತ್ರ ಮುಗಿದ ಮೇಲೆ ಮಕ್ಕಳು ಇದನ್ನು ಕೇಳಿಯೇ ಕೇಳುತ್ತಾರೆ. ಇಂದು ನಮ್ಮ ದೇಶದಲ್ಲಿ ಯಾರಿಗಾದರೂ ಬೀದಿಯಲ್ಲಿ ಕೂಸು ಸಿಕ್ಕರೆ ಅದನ್ನು ಮನೆಗೆ ಒಯ್ದು ಸಾಕಲು ಬರುವುದಿಲ್ಲ. 2015ರ ಬಾಲನ್ಯಾಯ ಕಾಯ್ದೆಯ 32ನೆಯ ಕಲಮಿನ ಪ್ರಕಾರ, ಪ್ರಯಾಣದ ಸಮಯವನ್ನು ಬಿಟ್ಟು, 24 ಗಂಟೆಗಳ ಒಳಗೆ ಪೊಲೀಸ್ ಠಾಣೆಗೋ, ಮಕ್ಕಳ ಸಹಾಯವಾಣಿಗೋ, ಮಕ್ಕಳ ಕಲ್ಯಾಣ ಸಮಿತಿಗೋ, ಜಿಲ್ಲಾ ಮಕ್ಕಳ ರಕ್ಷಣಾ ಘಟಕಕ್ಕೋ ತಿಳಿಸಬೇಕು. ತಿಳಿಸದಿದ್ದರೆ 34ನೆಯ ಕಲಮಿನಡಿ ಆರು ತಿಂಗಳವರೆಗೆ ಸೆರೆವಾಸ ಅಥವಾ 10,000 ರೂಪಾಯಿ ದಂಡ, ಇಲ್ಲವೇ ಎರಡೂ ಆಗಬಹುದು. ಸಹಾಯವಾಣಿಯ ಸಂಖ್ಯೆ 1098. ಇದನ್ನು ಕರಿಹಲಗೆಯ ಮೇಲೆ ಬರೆದುಬಿಡಿ.

ಅಲೆಮಾರಿಯ ಹಿಂಜರಿಕೆಯ ಭಾಗವನ್ನು ಕತ್ತರಿಸಿದರೆ ಮಕ್ಕಳಿಗೆ ಈ ಪ್ರಶ್ನೆಯೇ ಹುಟ್ಟುವುದಿಲ್ಲ. ಆದ್ದರಿಂದ ನಾನು ಪೂರ್ತಿ ತೋರಿಸುವ ಪಕ್ಷ.

ಗುಮ್ಮಟ ನಗರಿ (ವಿಜಯಪುರ)

ವಕೀಲರೇ, ನಿಮ್ಮ ಮಾಹಿತಿ ಉಪಯುಕ್ತ. ಆದರೆ ಚಿತ್ರವೇ ನಿಮ್ಮ ವಿರುದ್ಧ ವಾದಿಸುತ್ತಿದೆ ಎಂಬುದನ್ನು ಮರೆಯಬೇಡಿ. ಹುಡುಗನಿಗೆ ಜ್ವರ ಬಂದಾಗ ಬರುವ ವೈದ್ಯ ಅಲೆಮಾರಿಯನ್ನು ನೀನು ಇವನ ತಂದೆಯೇ ಎಂದು ಕೇಳುತ್ತಾನೆ, ಚೀಟಿ ನೋಡಿದ ಮೇಲೆ ಅನಾಥಾಲಯಕ್ಕೆ ಸುದ್ದಿ ಮುಟ್ಟಿಸುತ್ತಾನೆ. ಆಮೇಲೆ ಬರುವ ಅಧಿಕಾರಿಗಳು ಹುಡುಗನನ್ನು ಸಾಮಾನಿನಂತೆ ವಾಹನದ ಹಿಂಭಾಗಕ್ಕೆ ಎತ್ತಿ ಹಾಕುತ್ತಾರೆ. ಸರ್ಕಾರದ ಕಾಳಜಿ ಎಂಬುದು ಎಷ್ಟು ನಿರ್ದಯವಾಗಿರಬಲ್ಲದು ಎಂದು ಚಾಪ್ಲಿನ್ ಸ್ವಂತ ಅನುಭವದಿಂದ ತೋರಿಸಿದ್ದಾರೆ. 1896ರಲ್ಲಿ, ಏಳನೆಯ ವಯಸ್ಸಿನಲ್ಲಿ, ತಾಯಿ ಹಾನಾ ಮತ್ತು ಅಣ್ಣ ಸಿಡ್ನಿಯ ಜೊತೆ ಅವರು ಲಂಡನ್ನಿನ ಲ್ಯಾಂಬೆತ್ ಬಡವರ ಆಶ್ರಯಗೃಹಕ್ಕೆ ಸೇರಬೇಕಾಯಿತು. ಅಲ್ಲಿಂದ ಅಣ್ಣತಮ್ಮಂದಿರನ್ನು ತಾಯಿಯಿಂದ ಬೇರ್ಪಡಿಸಿ ಹ್ಯಾನ್‌ವೆಲ್ ಎಂಬಲ್ಲಿದ್ದ ನಿರ್ಗತಿಕ ಮಕ್ಕಳ ಶಾಲೆಗೆ ಕಳುಹಿಸಿದರು. ವಾಹನದಲ್ಲಿ ಕೈ ಚಾಚಿ ಅಳುವ ಆ ಹುಡುಗನಲ್ಲಿ ಚಾಪ್ಲಿನ್ ತಮ್ಮ ಬಾಲ್ಯವನ್ನೇ ನಿಲ್ಲಿಸಿದ್ದಾರೆ.

ಟಿಳಕವಾಡಿ ವಕೀಲ

ಅಂದಿನ ಲಂಡನ್ನಿನ ವ್ಯವಸ್ಥೆಯನ್ನು ಇಂದಿನ ಕಾಯ್ದೆಯ ಮೇಲೆ ಹೇರುವುದು ನ್ಯಾಯವಲ್ಲ. ನಮ್ಮ ಕಾಯ್ದೆ ಸಂಸ್ಥೆಯ ವಾಸವನ್ನು ಕೊನೆಯ ದಾರಿಯೆಂದೇ ಹೇಳುತ್ತದೆ. ದತ್ತು, ಪೋಷಣಾ ಕುಟುಂಬ ಮುಂತಾದ ಕುಟುಂಬದ ಏರ್ಪಾಡುಗಳಿಗೆ ಮೊದಲ ಆದ್ಯತೆ ಕೊಡುತ್ತದೆ. ಎರಡು ವರ್ಷದೊಳಗಿನ ತೊರೆದುಹೋದ ಕೂಸಿನ ವಿಚಾರಣೆಯನ್ನು ಎರಡು ತಿಂಗಳಲ್ಲಿ ಮುಗಿಸಿ, ದತ್ತಿಗೆ ಅರ್ಹವೆಂದು ಘೋಷಿಸಬೇಕೆಂಬ ಗಡುವೂ ಇದೆ. ಅಲೆಮಾರಿಯಂಥ ಒಳ್ಳೆಯವನ ಕೈಗೇ ಪ್ರತಿ ಕೂಸೂ ಸಿಗುತ್ತದೆಂದು ಕಾನೂನು ನಂಬಿ ಕೂರಲಾಗುವುದಿಲ್ಲ.

ಇನ್ನು ಆ ಚೀಟಿಯ ವಿಚಾರ. ಅಲೆಮಾರಿಗೆ ಕೂಸನ್ನು ಒಪ್ಪಿಸಿದ್ದೂ, ವೈದ್ಯನ ಕೈಗೆ ಸಿಕ್ಕು ಕೂಸನ್ನು ಕಿತ್ತುಕೊಂಡಿದ್ದೂ, ಕೊನೆಗೆ ತಾಯಿಯ ಕಣ್ಣಿಗೆ ಬಿದ್ದು ಮಗ ಬದುಕಿದ್ದಾನೆಂದು ತಿಳಿಸಿದ್ದೂ ಅದೇ ಒಂದು ಕಾಗದ. ನ್ಯಾಯಾಲಯದಲ್ಲಿ ಒಂದೇ ದಾಖಲೆ ಮೂರು ಕಕ್ಷಿಗಳಿಗೆ ಮೂರು ಬಗೆಯಾಗಿ ಕೆಲಸ ಮಾಡುವುದನ್ನು ನಾನು ಕಂಡಿದ್ದೇನೆ. ಇಷ್ಟು ಅಚ್ಚುಕಟ್ಟಾದ ಕಥಾರಚನೆಯನ್ನು ಬೇರೆಲ್ಲೂ ಕಂಡಿಲ್ಲ.

ಇಳಕಲ್ ಮಗ್ಗ

ಈ ಚರ್ಚೆಯನ್ನು ಓದಿ ಸುಮ್ಮನಿರಲು ಆಗಲಿಲ್ಲ. ನನ್ನನ್ನು ಬೆಳೆಸಿದವರು ಮದುವೆಯಾಗದ ನನ್ನ ಕಾಕಾ. ನನ್ನ ತಂದೆ ತೀರಿಕೊಂಡು, ತಾಯಿ ತವರಿಗೆ ಹೋದ ಮೇಲೆ ಮನೆಯ ಹಿರಿಯರು ನನ್ನನ್ನು ಅವರ ಹತ್ತಿರ ಬಿಟ್ಟರು. ಅವರಿಗೆ ನಾನು ಬೇಕಾಗಿರಲಿಲ್ಲ, ಹಾಗೆಂದು ಬಾಯಿ ಬಿಟ್ಟು ಹೇಳಿಯೂ ಇದ್ದರಂತೆ. ಕುಣಿ ಮಗ್ಗದಲ್ಲಿ ದಿನವಿಡೀ ಕುಳಿತು ನೇಯುವವನು ಕೂಸನ್ನು ಎಲ್ಲಿ ಇಟ್ಟುಕೊಳ್ಳಲಿ ಎಂಬುದು ಅವರ ಪ್ರಶ್ನೆ. ಸರಿಯಾದ ಪ್ರಶ್ನೆಯೇ ಅದು.

ಕೊನೆಗೆ ಮಗ್ಗದ ಪಕ್ಕದ ತೊಲೆಗೆ ಹಳೆಯ ಸೀರೆಯ ಜೋಲಿ ಕಟ್ಟಿದರು. ಅದಕ್ಕೊಂದು ದಾರ ಕಟ್ಟಿ, ಇನ್ನೊಂದು ತುದಿಯನ್ನು ತಮ್ಮ ಹತ್ತಿರ ಇಟ್ಟುಕೊಂಡು, ನೇಯುತ್ತಲೇ ತೂಗುತ್ತಿದ್ದರಂತೆ. ಇದನ್ನು ನನಗೆ ಓಣಿಯ ಹೆಂಗಸರು ಹೇಳಿದರು, ಕಾಕಾ ಒಮ್ಮೆಯೂ ಹೇಳಲಿಲ್ಲ. ‘ದಿ ಕಿಡ್’ ಚಿತ್ರದಲ್ಲಿ ಅಲೆಮಾರಿ ಜೋಲಿ ಕಟ್ಟಿ, ಕಾಫಿಯ ಕೆಟಲಿಗೆ ರಬ್ಬರಿನ ತೊಟ್ಟು ಸಿಕ್ಕಿಸಿ ಅದನ್ನೇ ಹಾಲಿನ ಬಾಟಲಿಯಾಗಿ ತೂಗುಹಾಕಿ, ತಾನು ಕೆಳಗೆ ಕುಳಿತು ಬಟ್ಟೆ ಹರಿದು ಲಂಗೋಟಿ ಕತ್ತರಿಸುತ್ತಾನೆ. ಕುರ್ಚಿಯ ನಡುವೆ ತೂತು ಕೊರೆದು ಕೆಳಗೆ ಪಾತ್ರೆ ಇಡುತ್ತಾನೆ. ಅದನ್ನು ನೋಡಿದಾಗ ಸುತ್ತಲಿನವರು ನಗುತ್ತಿದ್ದರು. ನಾನೂ ನಕ್ಕೆ, ಆದರೆ ನನ್ನ ನಗುವಿಗೆ ಕಾರಣ ಬೇರೆ ಇತ್ತು.

ಮಾಸ್ತರರಿಗೆ ನನ್ನ ಮಾತು ಇಷ್ಟೇ. ನಾನು ಬೇಡವಾಗಿದ್ದೆ ಎಂಬುದು ನನಗೆ ಚಿಕ್ಕಂದಿನಿಂದಲೂ ಗೊತ್ತಿತ್ತು. ಅಂಥ ಮಕ್ಕಳಿಗೆ ಅದನ್ನು ಯಾರೂ ಹೊಸದಾಗಿ ಹೇಳಬೇಕಾಗಿಲ್ಲ. ಬೇಡವೆಂದವರೇ ಆಮೇಲೆ ಏನು ಮಾಡಿದರು ಎಂಬುದನ್ನು ನನಗೆ ಯಾರಾದರೂ ಮೊದಲೇ ತೋರಿಸಿದ್ದರೆ ಕಾಕಾನ ಜೊತೆ ಇನ್ನಷ್ಟು ಮಾತಾಡುತ್ತಿದ್ದೆ.

ಶಹಾಪುರ ಓದುಗಿ (ಬೆಳಗಾವಿ)

ಇಳಕಲ್ಲಿನವರೇ, ನಿಮ್ಮ ಮಾತಿಗೆ ಗೌರವ ಸಲ್ಲಿಸುತ್ತೇನೆ. ಆದರೂ ನೀವು ಆ ಚಿತ್ರವನ್ನು ದೊಡ್ಡವರಾದ ಮೇಲೆ ನೋಡಿದಿರಿ. ಹದಿಮೂರು ವರ್ಷದವರಾಗಿ, ಸಹಪಾಠಿಗಳ ನಡುವೆ ಕುಳಿತು ನೋಡಿದ್ದರೆ ಇದೇ ಮಾತು ಹೇಳುತ್ತಿದ್ದಿರಾ ಎಂಬುದೇ ನನ್ನ ಪ್ರಶ್ನೆ.

ಇಳಕಲ್ ಮಗ್ಗ

ಹೇಳುತ್ತಿದ್ದೆ ಎಂದೇ ನನ್ನ ನಂಬಿಕೆ. ಆ ವಯಸ್ಸಿನಲ್ಲಿ ಬಾಯಿಂದ ಹೇಳಲು ಆಗದಿದ್ದರೂ ಮನೆಗೆ ಹೋಗಿ ಆ ತೊಲೆಯತ್ತ ಒಮ್ಮೆ ನೋಡುತ್ತಿದ್ದೆ.

ಜಮಖಂಡಿ ಮೂಕಚಿತ್ರ

ಕೆಟಲು, ಜೋಲಿ, ಕುರ್ಚಿ ಎಂದು ನೀವು ಎಣಿಸಿದ್ದರಲ್ಲಿಯೇ ಈ ಚಿತ್ರದ ಹಾಸ್ಯದ ಮೂಲವಿದೆ. ತಂದೆತನವನ್ನು ಚಾಪ್ಲಿನ್ ಭಾವನೆಯಾಗಿ ತೋರಿಸದೆ ಕೈಕೆಲಸವಾಗಿ ತೋರಿಸುತ್ತಾರೆ. ಅಲೆಮಾರಿ ಒಮ್ಮೆಯೂ ಕೂಸಿಗೆ ಮುದ್ದಿನ ಮಾತಾಡಿ ನಮ್ಮ ಕಣ್ಣಲ್ಲಿ ನೀರು ತರಿಸುವುದಿಲ್ಲ. ಐದು ವರ್ಷದ ನಂತರದ ಭಾಗದಲ್ಲಿ ಹುಡುಗನೇ ಒಲೆಯ ಮುಂದೆ ನಿಂತು ದೋಸೆಯಂಥ ತಿಂಡಿ ಮಾಡುತ್ತಾನೆ, ಅಲೆಮಾರಿ ತೂತು ಬಿದ್ದ ಕಂಬಳಿಯನ್ನೇ ನಿಲುವಂಗಿಯಾಗಿ ತೊಟ್ಟು ಹಾಸಿಗೆಯಿಂದೇಳುತ್ತಾನೆ, ಇಬ್ಬರೂ ಆ ತಿಂಡಿಯನ್ನು ಎಣಿಸಿ ಸಮನಾಗಿ ಹಂಚಿಕೊಳ್ಳುತ್ತಾರೆ. ಆ ಹಂಚಿಕೆಯಲ್ಲಿರುವ ಶಿಸ್ತನ್ನು ನೋಡಿದರೆ ಇಬ್ಬರೂ ಒಬ್ಬರನ್ನೊಬ್ಬರು ಸಾಕುತ್ತಿದ್ದಾರೆಂದು ತಿಳಿಯುತ್ತದೆ.

ಈ ಚಿತ್ರದ ಹಿಂದೆ ಒಂದು ದುಃಖವೂ ಇದೆ. 1919ರ ಜುಲೈ ತಿಂಗಳಿನಲ್ಲಿ ಚಾಪ್ಲಿನ್ ಮತ್ತು ಮಿಲ್ಡ್ರೆಡ್ ಹ್ಯಾರಿಸ್ ಅವರ ಮೊದಲ ಮಗು ಹುಟ್ಟಿದ ಮೂರೇ ದಿನಕ್ಕೆ ತೀರಿಕೊಂಡಿತು. ಅದಾದ ಕೆಲವೇ ದಿನಗಳಲ್ಲಿ ಅವರು ಈ ಚಿತ್ರದ ಕೆಲಸಕ್ಕೆ ಇಳಿದರು. ಅವರು ನಿರ್ದೇಶಿಸಿದ ಮೊದಲ ಪೂರ್ಣಾವಧಿಯ ಚಿತ್ರ ಇದು.

ಗೋಕಾಕ ನೀರು

ಗಟಾರದ ಬಗ್ಗೆ ಇಷ್ಟು ವಾದ ಮಾಡುತ್ತಿದ್ದೀರಿ, ಗಾಜಿನ ಬಗ್ಗೆ ಯಾರೂ ಮಾತಾಡುತ್ತಿಲ್ಲ. ಹುಡುಗ ಕಲ್ಲೆಸೆದು ಕಿಟಕಿ ಒಡೆಯುತ್ತಾನೆ, ಅಲೆಮಾರಿ ಬೆನ್ನ ಮೇಲೆ ಗಾಜು ಹೊತ್ತು ತಾನು ಅಕಸ್ಮಾತ್ತಾಗಿ ಬಂದವನಂತೆ ದುರಸ್ತಿ ಮಾಡಿ ಹಣ ಪಡೆಯುತ್ತಾನೆ. ಶಾಲೆಯಲ್ಲಿ ಇದನ್ನು ತೋರಿಸಿದರೆ ಮರುದಿನ ಕಿಟಕಿಗಳ ಗತಿ ಏನಾಗಬೇಕು? ಸಾಕುವವನು ಮಗುವಿಗೆ ಮೋಸ ಕಲಿಸುವುದನ್ನು ನಾವು ಪ್ರೀತಿಯೆಂದು ಕರೆಯುವುದು ಸರಿಯಲ್ಲ.

ಗುಮ್ಮಟ ನಗರಿ (ವಿಜಯಪುರ)

ಹಸಿವು ಕಲಿಸಿದ ಮೋಸ ಅದು. ಚಿತ್ರವೂ ಅದನ್ನು ಸುಮ್ಮನೆ ಬಿಡುವುದಿಲ್ಲ: ಕಲ್ಲೆತ್ತಿದ ಹುಡುಗನ ಕೈ ಹಿಂದೆ ನಿಂತಿದ್ದ ಪೊಲೀಸನಿಗೇ ತಾಗುತ್ತದೆ, ಮುಂದೆ ಓಟವೇ ಓಟ.

ಗೋಕಾಕ ನೀರು

ಸಿಕ್ಕಿಬೀಳುವುದಕ್ಕೂ ತಪ್ಪನ್ನು ತಪ್ಪೆಂದು ಅರಿಯುವುದಕ್ಕೂ ವ್ಯತ್ಯಾಸವಿದೆ. ನನ್ನ ಆಕ್ಷೇಪವನ್ನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ, ಆದರೆ ಕತ್ತರಿಸಿ ಎಂದೂ ಹೇಳುವುದಿಲ್ಲ. ಮಾಸ್ತರರು ಅದರ ಬಗ್ಗೆ ಮಕ್ಕಳೊಂದಿಗೆ ಮಾತಾಡಲಿ.

ಖಾನಾಪುರ ಕಾಡು

ಪರದೆಯ ಮೇಲಿನ ಸಾಕುತಂದೆಯ ಬಗ್ಗೆ ಸಾಕಷ್ಟು ಮಾತಾಯಿತು. ಪರದೆಯ ಆಚೆ ಆ ಹುಡುಗನನ್ನು ನೋಡಿಕೊಳ್ಳಬೇಕಾದವರು ಏನು ಮಾಡಿದರು ಎಂಬುದನ್ನೂ ಮಕ್ಕಳಿಗೆ ಹೇಳಬೇಕೆಂಬುದು ನನ್ನ ಒತ್ತಾಯ. ಹುಡುಗನ ಪಾತ್ರ ಮಾಡಿದ ಜಾಕಿ ಕೂಗನ್ 1914ರಲ್ಲಿ ಹುಟ್ಟಿದವನು. ವೇದಿಕೆಯ ಕಲಾವಿದನಾಗಿದ್ದ ಅವನ ತಂದೆಯೂ ಈ ಚಿತ್ರದಲ್ಲಿ ಸಣ್ಣ ಪಾತ್ರಗಳನ್ನು ಮಾಡಿದ್ದಾರೆ. ಅನಾಥಾಲಯದವರು ಎಳೆದೊಯ್ಯುವ ದೃಶ್ಯದಲ್ಲಿ ಹುಡುಗನಿಗೆ ಅಳು ಬರಲಿಲ್ಲವಂತೆ. ಆಗ ತಂದೆ, ನೀನು ಅಳದಿದ್ದರೆ ನಿನ್ನನ್ನು ನಿಜವಾಗಿಯೂ ಆಶ್ರಯಗೃಹಕ್ಕೆ ಕಳಿಸುತ್ತೇನೆಂದು ಹೆದರಿಸಿದರೆಂದು ಚಾಪ್ಲಿನ್ 1964ರ ತಮ್ಮ ಆತ್ಮಕಥೆಯಲ್ಲಿ ಹೇಳಿದ್ದಾರೆ. ಲೋಕವನ್ನೆಲ್ಲ ಕರಗಿಸಿದ ಆ ಅಳು ಒಂದು ಮಗುವಿನ ನಿಜವಾದ ಭಯ. ಇದು ತಿಳಿದ ಮೇಲೆ ಆ ದೃಶ್ಯವನ್ನು ನಾನು ಮೊದಲಿನಂತೆ ನೋಡಲಾರೆ.

ಮುಂದೆ ಆ ಹುಡುಗ ಲಕ್ಷಾಂತರ ಡಾಲರ್ ದುಡಿದ. ದೊಡ್ಡವನಾಗಿ ತನ್ನ ಹಣ ಕೇಳಿದಾಗ ತಾಯಿ ಮತ್ತು ಮಲತಂದೆ ಅದು ತಮ್ಮದೆಂದರು. ಅವನು 1938ರಲ್ಲಿ ನ್ಯಾಯಾಲಯಕ್ಕೆ ಹೋಗಬೇಕಾಯಿತು. ಆ ಪ್ರಕರಣದಿಂದಾಗಿಯೇ ಕ್ಯಾಲಿಫೋರ್ನಿಯಾದಲ್ಲಿ ಅವನ ಹೆಸರಿನ ಕಾಯ್ದೆ ಬಂದು, ಬಾಲಕಲಾವಿದರ ದುಡಿಮೆಯ ಒಂದು ಭಾಗವನ್ನು ಅವರ ಹೆಸರಿನಲ್ಲಿಯೇ ಕಾಪಿಡಬೇಕೆಂಬ ನಿಯಮವಾಯಿತು.

ಇಂಡಿ ನಿಂಬೆ

ಹಾಗಾದರೆ ಆ ಕಾಯ್ದೆಯಿಂದ ಅವನ ಹಣ ಅವನಿಗೆ ಸಿಕ್ಕಿತೆಂದಾಯಿತು. ಅಷ್ಟಾದರೂ ಆಯಿತಲ್ಲ.

ಟಿಳಕವಾಡಿ ವಕೀಲ

ಇಲ್ಲ. ಕಾಯ್ದೆ ಬಂದದ್ದು 1939ರಲ್ಲಿ, ಮತ್ತು ಅದರ ಲಾಭ ಅವನ ನಂತರದ ಮಕ್ಕಳಿಗೆ. ದಾವೆಯಲ್ಲಿ ಅವನ ಕೈಗೆ ಬಂದದ್ದು ಸುಮಾರು 1,26,000 ಡಾಲರ್ ಮಾತ್ರ, ಉಳಿದದ್ದು ಆಗಲೇ ಖರ್ಚಾಗಿ ಹೋಗಿತ್ತು.

ನಮ್ಮಲ್ಲಿ ಏನಿದೆ ಎಂದು ಯಾರಾದರೂ ಕೇಳುವ ಮೊದಲು ಹೇಳಿಬಿಡುತ್ತೇನೆ. 2016ರಲ್ಲಿ ಬಾಲಕಾರ್ಮಿಕ ಕಾಯ್ದೆಗೆ ತಿದ್ದುಪಡಿಯಾಗಿ, 2017ರಲ್ಲಿ ನಿಯಮಗಳು ಬಂದವು. ಅವುಗಳ ಪ್ರಕಾರ ಬಾಲಕಲಾವಿದರನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು, ಬಿಡುವಿಲ್ಲದೆ 3 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ, ಮತ್ತು ಆದಾಯದಲ್ಲಿ ಕನಿಷ್ಠ ಶೇಕಡ 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿನ ನಿಶ್ಚಿತ ಠೇವಣಿಯಾಗಿ ಇಡಬೇಕು. ದೂರದರ್ಶನದ ಹಾಡಿನ ಸ್ಪರ್ಧೆಗಳಿಗೆ ಮಕ್ಕಳನ್ನು ಕಳುಹಿಸುವ ತಂದೆತಾಯಿಗಳು ಇದನ್ನು ತಿಳಿದಿರಬೇಕು.

ಬನಶಂಕರಿ ತೇರು

ತೋರಿಸುವ ರೀತಿಯ ಬಗ್ಗೆ ನನ್ನ ಸಲಹೆ ಕೇಳಿ. ಪರದೆಯ ಮೇಲೆ ಬರುವ ಇಂಗ್ಲಿಷ್ ಬರಹಗಳನ್ನು ಮಕ್ಕಳು ಓದಲಿ ಎಂದು ಬಿಡಬೇಡಿ. ನಮ್ಮ ಕಡೆಯ ಶ್ರೀಕೃಷ್ಣ ಪಾರಿಜಾತದಲ್ಲಿ ಭಾಗವತ ಪಾತ್ರಗಳ ಪಕ್ಕದಲ್ಲಿಯೇ ನಿಂತು ಕತೆ ನಡೆಸುತ್ತಾನಲ್ಲ, ಹಾಗೆ ಒಳ್ಳೆಯ ಕಂಠದ ಒಬ್ಬರು ಪರದೆಯ ಪಕ್ಕ ನಿಂತು ಕನ್ನಡದಲ್ಲಿ ಹೇಳಲಿ. ಹಾರ್ಮೋನಿಯಂ ಮತ್ತು ತಬಲಾ ಇರಲಿ. ಮೂಕಚಿತ್ರಗಳ ಕಾಲದಲ್ಲಿ ಚಿತ್ರಮಂದಿರದಲ್ಲೇ ವಾದ್ಯ ನುಡಿಸುತ್ತಿದ್ದರು, ನಾವು ಹೊಸದೇನನ್ನೂ ಮಾಡುತ್ತಿಲ್ಲ. ಜಾತ್ರೆಯಲ್ಲಿ ಕಂಪನಿ ನಾಟಕ ನೋಡಿ ಬೆಳೆದ ನಮ್ಮ ಮಕ್ಕಳಿಗೆ ಇದು ಬಲು ಬೇಗ ಹಿಡಿಸುತ್ತದೆ.

ಓದುಗಿಯವರ ಆತಂಕಕ್ಕೂ ಇದರಲ್ಲಿ ಉತ್ತರವಿದೆ. ಗಟಾರದ ದೃಶ್ಯ ಬಂದಾಗ ಭಾಗವತ ಮೌನವಾಗಿರಲಿ, ತಬಲಾ ನಿಲ್ಲಲಿ. ವಾದ್ಯ ನಿಂತ ಕಡೆ ಪ್ರೇಕ್ಷಕರೂ ನಗು ನಿಲ್ಲಿಸುತ್ತಾರೆ. ರಂಗದ ಮೇಲೆ ದುಡಿದವರಿಗೆ ಇದು ಗೊತ್ತು.

ಶಹಾಪುರ ಓದುಗಿ (ಬೆಳಗಾವಿ)

ಇದುವರೆಗೆ ಬಂದ ಸಲಹೆಗಳಲ್ಲಿ ನನಗೆ ಒಪ್ಪಿಗೆಯಾದದ್ದು ಇದೊಂದೇ.

ಜಮಖಂಡಿ ಮೂಕಚಿತ್ರ

ಯಾವ ಪ್ರತಿಯನ್ನು ತೋರಿಸುತ್ತೀರಿ ಎಂಬುದೂ ಮುಖ್ಯ. 1921ರ ಮೂಲ ಚಿತ್ರ ಸುಮಾರು 68 ನಿಮಿಷ. ಚಾಪ್ಲಿನ್ 1971ರಲ್ಲಿ, ಎಂಬತ್ತು ದಾಟಿದ ಮೇಲೆ, ತಾವೇ ಸಂಗೀತ ಸಂಯೋಜಿಸಿ ಅದನ್ನು ಸುಮಾರು 53 ನಿಮಿಷಕ್ಕೆ ಇಳಿಸಿದರು. ಆಗ ಕಿತ್ತುಹಾಕಿದ್ದೆಲ್ಲ ಎಡ್ನಾ ಪರ್ವಿಯನ್ಸ್ ಮಾಡಿದ ತಾಯಿಯ ಪಾತ್ರದ ದೃಶ್ಯಗಳು. ಚರ್ಚಿನ ಮುಂದೆ ಆಕೆ ಬೇರೆಯವರ ಮದುವೆಯನ್ನು ನೋಡುವುದು, ಸೇತುವೆಯ ಮೇಲೆ ನಿಲ್ಲುವುದು, ಮಗುವಿನ ತಂದೆಯಾದ ಚಿತ್ರಕಾರನನ್ನು ಮತ್ತೆ ಭೇಟಿಯಾಗುವುದು ಇವೆಲ್ಲ ಹೋದವು. ಓಟ ಬಿರುಸಾಯಿತು ಎಂಬುದು ನಿಜ. ಆದರೆ ನಿಮ್ಮ ಮಕ್ಕಳಿಗೆ ತಾಯಿ ಏಕೆ ಬಿಟ್ಟುಹೋದಳು ಎಂಬುದು ಅಲೆಮಾರಿ ಏಕೆ ಹಿಂಜರಿದ ಎಂಬುದರಷ್ಟೇ ಮುಖ್ಯ. ಗುಳೆ ಹೋದ ತಾಯಂದಿರ ಮಕ್ಕಳು ಆ ದೃಶ್ಯಗಳನ್ನು ನೋಡಲಿ. ನಾನು ಮೂಲದ ಪರ.

ಟಿಳಕವಾಡಿ ವಕೀಲ

ಮೂಲದ ಪ್ರತಿಯೇ ಕಾನೂನಿನ ದೃಷ್ಟಿಯಿಂದಲೂ ಸುರಕ್ಷಿತ. ನಮ್ಮಲ್ಲಿ ಚಲನಚಿತ್ರದ ಹಕ್ಕುಸ್ವಾಮ್ಯ ಪ್ರಕಟವಾದ ಮುಂದಿನ ವರ್ಷದ ಆರಂಭದಿಂದ 60 ವರ್ಷ. 1921ರ ಚಿತ್ರಕ್ಕೆ ಅದು ಎಂದೋ ಮುಗಿದಿದೆ. ಆದರೆ ಸಂಗೀತದ ಹಕ್ಕು ಸಂಯೋಜಕರ ಮರಣಾನಂತರ 60 ವರ್ಷ. ಚಾಪ್ಲಿನ್ ತೀರಿಕೊಂಡದ್ದು 1977ರಲ್ಲಿ. ಬನಶಂಕರಿಯವರ ಹಾರ್ಮೋನಿಯಂ ಇದ್ದರೆ ಆ ಪ್ರಶ್ನೆಯೇ ಬರುವುದಿಲ್ಲ.

ನವನಗರದ ಅಜ್ಜಿ (ಬಾಗಲಕೋಟೆ)

ನನ್ನ ಮೊಮ್ಮಗಳು ನನ್ನ ಹತ್ತಿರವೇ ಇದ್ದು ಓದುತ್ತಾಳೆ. ಈ ಸಿನಿಮಾವನ್ನು ಅವಳೇ ಮೊಬೈಲಿನಲ್ಲಿ ನನಗೆ ತೋರಿಸಿದಳು. ನೀವೆಲ್ಲ ಮೊದಲ ಭಾಗದ ಬಗ್ಗೆ ಮಾತಾಡುತ್ತಿದ್ದೀರಿ. ನನಗೆ ಎದೆ ನಡುಗಿದ್ದು ಅಲೆಮಾರಿ ಮನೆಯ ಮಾಡುಗಳ ಮೇಲೆ ಓಡುವಾಗ. ಅವನು ಓಡಿ, ವಾಹನಕ್ಕೆ ಹಾರಿ, ಅಧಿಕಾರಿಯನ್ನು ಕೆಳಗೆ ದಬ್ಬಿ, ಹುಡುಗನನ್ನು ಅಪ್ಪಿ ಮುತ್ತಿಡುತ್ತಾನೆ. ಆಗ ಅವನ ಮುಖದಲ್ಲಿ ಗೆದ್ದ ಸಂತೋಷವಿಲ್ಲ, ಅಂಜಿಕೆ ಇದೆ. ಸಾಕಿದವರ ಅಂಜಿಕೆ ಅದು. ಹೆತ್ತವರು ಬಂದು ಕರೆದರೆ ಕಳಿಸಲೇಬೇಕು, ಕೇಳಲು ನಮಗೆ ಯಾವ ಹಕ್ಕೂ ಇಲ್ಲ.

ಕೊನೆಯಲ್ಲಿ ಪೊಲೀಸನು ಅವನನ್ನು ಕಾರಿನಲ್ಲಿ, ಈಗ ಸಿರಿವಂತಳಾಗಿರುವ ತಾಯಿಯ ದೊಡ್ಡ ಮನೆಗೆ ಕರೆದೊಯ್ಯುತ್ತಾನೆ, ಬಾಗಿಲು ತೆರೆಯುತ್ತದೆ, ಒಳಗೆ ಕರೆಯುತ್ತಾರೆ. ಆಮೇಲೆ ಅವನು ಅಲ್ಲಿ ಇರುತ್ತಾನೋ, ಊಟ ಮಾಡಿ ಹೊರಡುತ್ತಾನೋ ಹೇಳುವುದಿಲ್ಲ. ಮೊಮ್ಮಗಳು ಇರುತ್ತಾನೆ ಎಂದಳು. ನನಗೆ ಅಷ್ಟು ಧೈರ್ಯವಿಲ್ಲ.

ಇಳಕಲ್ ಮಗ್ಗ

ಅಜ್ಜಿಯವರೇ, ಮೊಮ್ಮಗಳ ಮಾತನ್ನು ನಂಬಿರಿ.

ಖಾನಾಪುರ ಕಾಡು

ಅಂತ್ಯಕ್ಕೆ ಮೊದಲು ಬರುವ ಸ್ವರ್ಗದ ಕನಸಿನ ಬಗ್ಗೆ ಯಾರೂ ಎಚ್ಚರಿಸಿಲ್ಲ. ಗಟಾರಕ್ಕಿಂತ ನನ್ನ ಆಕ್ಷೇಪ ಅದಕ್ಕೇ ಹೆಚ್ಚು. ಆ ಕನಸಿನಲ್ಲಿ ಅಲೆಮಾರಿಯನ್ನು ಸೆಳೆಯುವ ದೇವತೆಯಾಗಿ ಬರುವ ಲೀಟಾ ಗ್ರೇ ಆಗ 12 ವರ್ಷದ ಹುಡುಗಿ. 1924ರಲ್ಲಿ, ಅವಳಿಗೆ 16 ತುಂಬಿದಾಗ, 35 ವರ್ಷದ ಚಾಪ್ಲಿನ್ ಅವಳನ್ನು ಮದುವೆಯಾದರು. ಮಕ್ಕಳ ರಕ್ಷಣೆಯ ಬಗ್ಗೆ ಇಷ್ಟೆಲ್ಲ ಮಾತಾಡಿದ ಮೇಲೆ ಇದನ್ನು ನುಂಗಿಕೊಳ್ಳುವುದು ಸರಿಯಲ್ಲ.

ಜಮಖಂಡಿ ಮೂಕಚಿತ್ರ

ಇದಕ್ಕೆ ನನ್ನಲ್ಲಿ ಸಮರ್ಥನೆ ಇಲ್ಲ, ಸಮರ್ಥಿಸಬಾರದು ಕೂಡ. ಕಲೆಯ ದೃಷ್ಟಿಯಿಂದಲೂ ಆ ಕನಸು ಅನವಶ್ಯಕವೆಂದು ನಾಟಕಕಾರ ಜೆ. ಎಂ. ಬ್ಯಾರಿ ಚಾಪ್ಲಿನ್ ಅವರ ಎದುರಿಗೇ ಹೇಳಿದ್ದರು. ಆದರೆ ಒಂದನ್ನು ಕತ್ತರಿಸಲು ಆರಂಭಿಸಿದರೆ ಮುಂದೆ ಎಲ್ಲಿ ನಿಲ್ಲಿಸುತ್ತೀರಿ?

ಶಹಾಪುರ ಓದುಗಿ (ಬೆಳಗಾವಿ)

ಇಲ್ಲಿಯೇ ನಿಲ್ಲಿಸಬಹುದು. ಗಟಾರದ ದೃಶ್ಯದಲ್ಲಿ ಪಾತ್ರ ಒಂದು ತಪ್ಪನ್ನು ಯೋಚಿಸಿ ಬಿಡುತ್ತದೆ. ಕನಸಿನ ದೃಶ್ಯದಲ್ಲಿ ಚಿತ್ರ ಮಾಡಿದವರೇ ತಪ್ಪು ಮಾಡಿದ್ದಾರೆ. ಮೊದಲನೆಯದನ್ನು ಇಟ್ಟು ಎರಡನೆಯದನ್ನು ಬಿಟ್ಟರೆ ಕತೆಗೆ ಯಾವ ಕುಂದೂ ಇಲ್ಲ: ಅಲೆಮಾರಿ ಹೊಸ್ತಿಲ ಮೇಲೆ ನಿದ್ದೆ ಹೋಗುತ್ತಾನೆ, ಪೊಲೀಸ್ ಬಂದು ಎಬ್ಬಿಸುತ್ತಾನೆ.

ಮಲಪ್ರಭಾ ದಂಡೆಯ ಮಾಸ್ತರ (ಬಾದಾಮಿ ತಾಲೂಕು)

ಎಲ್ಲರ ಮಾತುಗಳನ್ನು ಸಹೋದ್ಯೋಗಿಯವರಿಗೆ ಓದಿ ಹೇಳಿದೆ. ಇಳಕಲ್ಲಿನವರ ಮಾತು ಕೇಳಿದ ಮೇಲೆ ಅವರು ಬಹಳ ಹೊತ್ತು ವಾದಿಸಲಿಲ್ಲ, ಆದರೆ ಒಂದು ಷರತ್ತು ಹಾಕಿದ್ದಾರೆ: ಚಿತ್ರ ಮುಗಿದ ಕೂಡಲೇ ಮಕ್ಕಳನ್ನು ಅವರವರ ಮನೆಯ ಬಗ್ಗೆ ಯಾರೂ ಪ್ರಶ್ನಿಸಬಾರದು, ಪ್ರಬಂಧ ಬರೆಸಬಾರದು. ಒಪ್ಪಿಕೊಂಡಿದ್ದೇನೆ. 1921ರ ಮೂಲವನ್ನು ಆರಂಭದಿಂದ ತೋರಿಸುತ್ತೇವೆ, ಕನಸಿನ ಭಾಗವನ್ನು ಬಿಡುತ್ತೇವೆ. ಬಿಟ್ಟಿದ್ದೇವೆ ಎಂಬುದನ್ನೂ, ಏಕೆ ಬಿಟ್ಟೆವೆಂಬುದನ್ನೂ ಮಕ್ಕಳು ಕೇಳಿದರೆ ಮುಚ್ಚಿಡುವುದಿಲ್ಲ. ಭಾಗವತನಾಗಿ ನಿಲ್ಲಲು ನಮ್ಮ ಚಿತ್ರಕಲಾ ಶಿಕ್ಷಕರು ಒಪ್ಪಿದ್ದಾರೆ. ತಬಲಾ ನುಡಿಸುವವರು ಊರಿನಲ್ಲಿಯೇ ಇದ್ದಾರೆ, ಹಾರ್ಮೋನಿಯಂಗೆ ಬನಶಂಕರಿಯವರು ಯಾರನ್ನಾದರೂ ಸೂಚಿಸಬೇಕು.

ಬನಶಂಕರಿ ತೇರು

ಸೂಚಿಸುತ್ತೇನೆ. ಆದರೆ ಅವರಿಗೆ ಮೊದಲು ಚಿತ್ರವನ್ನು ಪೂರ್ತಿ ತೋರಿಸಿ, ಮಾಡುಗಳ ಮೇಲಿನ ಓಟಕ್ಕೆ ಮತ್ತು ಓಣಿಯ ಜಗಳಕ್ಕೆ ಬೇರೆ ಬೇರೆ ಚಾಲು ಹಾಕಿಕೊಳ್ಳಲು ಸಮಯ ಕೊಡಿ. ನೇರವಾಗಿ ಬಂದು ಕುಳಿತರೆ ಆಗುವುದಿಲ್ಲ.